‘ನಾನೂಕ್’ ಆಗಿ ಕಾಣುವವರು ಯಾರು?
‘ನಾನೂಕ್ ಆಫ್ ದ ನಾರ್ತ್’ ಎಂಬ ಮೂಕಿ ಸಾಕ್ಷ್ಯಚಿತ್ರದಲ್ಲಿ ನಾನೂಕ್ ಆಗಿರುವ ವ್ಯಕ್ತಿಯ ನಿಜ ಹೆಸರೇನು, ಆತ ಮಾಡುವುದೆಲ್ಲ ಅಸಲಿಯೇ ಎಂದು ಕೇಳಿದ್ದೀರಿ. ಹೆಸರು ಅಲ್ಲಾಕರಿಯಾಲ್ಲಾಕ್, ಕೆನಡಾದ ಹಡ್ಸನ್ ಕೊಲ್ಲಿ ಕಡೆಯ ಇನುಯಿಟ್ (ಉತ್ತರ ಧ್ರುವ ಪ್ರದೇಶದ ಮೂಲನಿವಾಸಿ) ಬೇಟೆಗಾರ. ಟೈಟಲ್‌ಗಳಲ್ಲಿ ಈ ಹೆಸರಿಲ್ಲ. ಹಾಗಾಗಿ ಹುಡುಕುವಾಗ ‘ನಾನೂಕ್’ ಬಿಟ್ಟು ನಿಜ ಹೆಸರನ್ನೇ ಹಾಕಿ.

ಬಹಳಷ್ಟು ದೃಶ್ಯ ನಟನೆಯೇ. ತೆರೆಯ ಮೇಲಿನ ‘ಹೆಂಡತಿ’ ನೈಲಾ ಆತನ ಹೆಂಡತಿಯಲ್ಲ. ಆ ವೇಳೆಗೆ ಅಲ್ಲಿನವರ ಕೈಗೆ ಬಂದೂಕು ಬಂದಿತ್ತು. ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ ಹಳೆಯ ಪದ್ಧತಿ ಬೇಕೆಂದು ಈಟಿ ಹಿಡಿಸಿದರು. ಗ್ರಾಮಫೋನ್ ತಟ್ಟೆ ಕಚ್ಚಿ ನೋಡುವುದೂ ಹೇಳಿ ಮಾಡಿಸಿದ್ದೇ. ಇಗ್ಲೂ (ಹಿಮದ ಮನೆ) ಒಳಗೆ ಕ್ಯಾಮೆರಾಗೆ ಬೆಳಕು ಸಾಲದ ಕಾರಣ ದೊಡ್ಡದೊಂದನ್ನು ಕಟ್ಟಿ ಒಂದು ಪಕ್ಕ ತೆಗೆದುಬಿಟ್ಟರು. ಮಲಗುವ ದೃಶ್ಯ ನೋಡುವಾಗ ಬೆಳಕು ಎಲ್ಲಿಂದ ಬೀಳುತ್ತಿದೆ ಎಂದು ಗಮನಿಸಿ, ಪಾಪ, ಅವರು ಕೊರೆಯುವ ಚಳಿಯಲ್ಲೇ ಬಟ್ಟೆ ಬಿಚ್ಚಿದ್ದು.

ಚಿತ್ರ ಬಂದದ್ದು 1922ರಲ್ಲಿ. ಆತ ಹಸಿವಿನಿಂದ ಸತ್ತನೆಂಬ ಪ್ರಚಾರವನ್ನು ನಂಬಬೇಡಿ, ಕ್ಷಯ ಇದ್ದಿರಬೇಕೆಂಬುದೇ ಈಗಿನ ಅಭಿಪ್ರಾಯ. ಊರಿನವರ ಮಾತು ಕೇಳಬೇಕಿದ್ದರೆ ಕ್ಲೋದ್ ಮಸ್ಸೋ ಅವರ ಸಾಕ್ಷ್ಯಚಿತ್ರ ‘ನಾನೂಕ್ ರೀವಿಸಿಟೆಡ್’ ನೋಡಿ.