ತೋಟದ ದಾರಿಗೆ ಬೇಲಿ ಹಾಕಿದ ಮೇಲೆ ತಾತ್ಕಾಲಿಕ ತಡೆಯಾಜ್ಞೆ ಸಿಗುತ್ತದೆಯೇ?

ಶಿರಸಿ ಸಮೀಪದ ನಿಮ್ಮ ಅಡಿಕೆ ತೋಟಕ್ಕೆ ತಂದೆಯವರ ಕಾಲದಿಂದಲೂ ನೆರೆಯವರ ಗದ್ದೆಯಂಚಿನಲ್ಲೇ ಹೋಗಿಬರುತ್ತಿದ್ದಿರಿ; ಎರಡು ವಾರದ ಹಿಂದೆ ಅವರು ದಣಪೆ (ಗಳು ಸರಿಸಿ ದಾಟುವ ಬೇಲಿಬಾಗಿಲು) ಕಿತ್ತು ತಂತಿಬೇಲಿ ಎಳೆದಿದ್ದಾರೆ; ಅಡಿಕೆಯ ಕೊಳೆರೋಗಕ್ಕೆ ಮದ್ದು ಹೊಡೆಯುವ ಹೊತ್ತಿಗಾದರೂ ಕೋರ್ಟಿನಿಂದ ದಾರಿ ಬಿಡಿಸಿಕೊಳ್ಳಬಹುದೇ ಎಂದು ಕೇಳಿದ್ದೀರಿ. ಇಂಥ ದಾವೆಗಳನ್ನು ಕೆಲವೊಮ್ಮೆ ವಾದಿಯ ಪರ, ಕೆಲವೊಮ್ಮೆ ಪ್ರತಿವಾದಿಯ ಪರ ನಡೆಸಿದ ವಕೀಲನಾಗಿ ಹೇಳುತ್ತೇನೆ: ಸಾಧ್ಯವಿದೆ. ಆದರೆ ಇನ್ನು ಒಂದು ವಾರವನ್ನೂ ಸುಮ್ಮನೆ ಕಳೆಯಬೇಡಿ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ (ಸಂಹಿತೆಯಲ್ಲಿ ನಿಯಮಗಳ ಗುಂಪಿಗೆ ‘ಆದೇಶ’ ಎನ್ನುತ್ತಾರೆ) 1 ಮತ್ತು 2ನೇ ನಿಯಮದಡಿ ಸಿಗುವ ತಡೆಯಾಜ್ಞೆ ಸಾಮಾನ್ಯವಾಗಿ ಇರುವ ಸ್ಥಿತಿಯನ್ನು ಕಾಯುವುದಕ್ಕೆ. ಬೇಲಿ ಹಾಕುವ ಮೊದಲೇ ಬಂದಿದ್ದರೆ ‘ಹಾಕಬೇಡಿ’ ಎಂದಷ್ಟೇ ಕೇಳಿದರೆ ಸಾಕಿತ್ತು. ಈಗ ‘ತೆಗೆಯಿರಿ’ ಎಂದು ಕೇಳಬೇಕಾಗಿದೆ, ಅದಕ್ಕೆ ಹೆಚ್ಚು ಗಟ್ಟಿಯಾದ ಆಧಾರ ಬೇಕು. ಜಗಳ ಹುಟ್ಟುವ ಮುಂಚಿನ, ಯಾರೂ ತಕರಾರು ಮಾಡದಿದ್ದ ಕೊನೆಯ ಸ್ಥಿತಿಗೆ ಮರಳಿಸಲು ಅಂಥ ಆಜ್ಞೆ ಕೊಡಬಹುದೆಂದು ಸುಪ್ರೀಂ ಕೋರ್ಟ್ 1990ರಲ್ಲಿ ದೋರಾಬ್ ಕಾವಸ್‌ಜಿ ವಾರ್ಡನ್ ಪ್ರಕರಣದಲ್ಲಿ ಹೇಳಿದೆ. ಎರಡು ವಾರದೊಳಗೆ ಬಂದವರ ಮಾತಿಗಿರುವ ತೂಕ ಎಂಟು ತಿಂಗಳು ಕಾದು ಬಂದವರ ಮಾತಿಗೆ ಇರುವುದಿಲ್ಲ.

ನಿಮ್ಮ ಹಕ್ಕು ಯಾವ ಬಗೆಯದು ಎಂಬುದನ್ನು ಮೊದಲು ಸರಿಯಾಗಿ ತಿಳಿದುಕೊಳ್ಳಿ, ಏಕೆಂದರೆ ಹೆಚ್ಚಿನ ಅರ್ಜಿಗಳು ಬೀಳುವುದು ಇಲ್ಲಿಯೇ. ಈಸ್‌ಮೆಂಟ್ ಎಂದರೆ ಇನ್ನೊಬ್ಬರ ಜಮೀನಿನಲ್ಲಿ ದಾರಿಯಂಥ ಬಳಕೆಗೆ ಇರುವ ಹಕ್ಕು. 1882ರ ಈಸ್‌ಮೆಂಟ್ ಕಾಯ್ದೆಯ 15ನೇ ಕಲಮಿನ ಪ್ರಕಾರ ಬಳಕೆಯಿಂದ ಹಕ್ಕು ಹುಟ್ಟಬೇಕಾದರೆ 20 ವರ್ಷ ಬಹಿರಂಗವಾಗಿ, ಶಾಂತವಾಗಿ, ಎಡೆಬಿಡದೆ, ಹಕ್ಕೆಂದೇ ನಡೆದಾಡಿರಬೇಕು; ಸರ್ಕಾರಿ ಭೂಮಿಯಾದರೆ 30 ವರ್ಷ. ನಮ್ಮ ಕಡೆಯ ಜನ ಸೌಜನ್ಯಕ್ಕೆಂದು ದಾವೆಯಲ್ಲಿ ‘ನೆರೆಯವರು ಪ್ರೀತಿಯಿಂದ ಬಿಟ್ಟುಕೊಟ್ಟಿದ್ದರು’ ಎಂದು ಬರೆಸಿಬಿಡುತ್ತಾರೆ. ಅದು ಅನುಮತಿಯಾಯಿತು, ಹಕ್ಕು ಅಲ್ಲಿಗೇ ಹೋಯಿತು. ಇನ್ನು 13ನೇ ಕಲಮಿನ ಅನಿವಾರ್ಯತೆಯ ದಾರಿ, ಎರಡೂ ಜಮೀನು ಒಮ್ಮೆ ಒಂದೇ ಮನೆತನದ ಸ್ವತ್ತಾಗಿದ್ದು ಪಾಲಿನಿಂದಲೋ ಕ್ರಯದಿಂದಲೋ ಬೇರೆಯಾದಾಗ, ಮತ್ತೆ ಬೇರೆ ದಾರಿಯೇ ಇಲ್ಲದಿದ್ದಾಗ ಮಾತ್ರ ಹುಟ್ಟುತ್ತದೆ. ಸುತ್ತಾದರೂ ಸರಿ, ಬೆಟ್ಟದ ಮೇಲಿಂದ ಇನ್ನೊಂದು ದಾರಿಯಿದ್ದರೆ ಅದನ್ನು ಮುಚ್ಚಿಡಬೇಡಿ. ಎದುರು ಪಕ್ಷದವರು ಅದರ ಫೋಟೋ ತಂದಿಟ್ಟ ದಿನ ನಿಮ್ಮ ನಿಜವಾದ ಮಾತನ್ನೂ ನ್ಯಾಯಾಧೀಶರು ನಂಬುವುದಿಲ್ಲ.

ಕೇಳುವುದನ್ನೂ ಅಳತೆಯಲ್ಲಿ ಕೇಳಿ. ತಲೆಹೊರೆಯಲ್ಲಿ ಅಡಿಕೆ ಗೊನೆ ಹೊತ್ತು ತರುತ್ತಿದ್ದ ಕಾಲುದಾರಿ ಪಿಕಪ್ ಹೋಗುವ ರಸ್ತೆಯಾಗುವುದಿಲ್ಲ. ಒಂದು ಬಗೆಯ ದಾರಿಯ ಹಕ್ಕಿನಲ್ಲಿ ಇನ್ನೊಂದು ಬಗೆಯದು ಸೇರುವುದಿಲ್ಲ ಎಂದು 28ನೇ ಕಲಮು ಸ್ಪಷ್ಟವಾಗಿ ಹೇಳುತ್ತದೆ. ಸರ್ವೆ ನಂಬರು, ಹಿಸ್ಸೆ, ದಾರಿಯ ಅಗಲ, ಎಲ್ಲಿ ಆರಂಭ, ಎಲ್ಲಿ ಕೊನೆ ಎಂಬುದನ್ನು ಕೈನಕ್ಷೆಯಲ್ಲಿ ಬರೆದು ದಾವೆಗೆ ಲಗತ್ತಿಸಿ. ಗ್ರಾಮನಕ್ಷೆಯಲ್ಲಿ ಆ ದಾರಿ ಚುಕ್ಕೆಗೆರೆಯಾಗಿ ಕಾಣಿಸಿದ್ದರೆ ಅದರ ದೃಢೀಕೃತ ನಕಲು ನಿಮ್ಮ ಅತ್ಯುತ್ತಮ ದಾಖಲೆ.

ದಾವೆಯ ಜೊತೆಗೇ 26ನೇ ಆದೇಶದ 9ನೇ ನಿಯಮದಡಿ, ಸ್ಥಳ ನೋಡಿ ವರದಿ ಕೊಡುವ ಕೋರ್ಟ್ ಕಮಿಷನರ್ ನೇಮಕಕ್ಕೂ ಅರ್ಜಿ ಕೊಡುವುದು ಒಳ್ಳೆಯದೆಂದು ನನ್ನ ಅಭಿಪ್ರಾಯ. ನಾನು ನಡೆಸಿದ ಒಂದು ದಾವೆಯಲ್ಲಿ ಪ್ರತಿವಾದಿ ಅಲ್ಲಿ ದಾರಿಯೇ ಇರಲಿಲ್ಲ ಎಂದಿದ್ದರು. ಕಮಿಷನರು ಸೊಪ್ಪು, ದರಕು (ಒಣಗಿದೆಲೆ) ಸರಿಸಿ ನೋಡಿದಾಗ ಚಿರೆಕಲ್ಲಿನ ಮೇಲೆ ಗಾಡಿಚಕ್ರ ಸವೆಸಿದ ಎರಡು ಕೊರಕಲುಗಳು ಬೇಲಿಯ ಕೆಳಗೇ ಹಾದು ತೋಟದವರೆಗೆ ಹೋಗಿದ್ದವು. ಆ ವರದಿ ಬಂದ ಮೇಲೆ ವಾದ ಹೆಚ್ಚು ಬೆಳೆಯಲಿಲ್ಲ. ಮಳೆ ಹಿಡಿದು ಹುಲ್ಲು ಬೆಳೆದರೆ ಇಂಥ ಗುರುತು ಕಾಣುವುದಿಲ್ಲ.

ಮೇಲ್ನೋಟದ ಹಕ್ಕಿನ ಜೊತೆಗೆ ಅನುಕೂಲ–ಅನನುಕೂಲದ ತೂಕವನ್ನೂ, ತುಂಬಿಕೊಡಲಾಗದ ನಷ್ಟವನ್ನೂ ನ್ಯಾಯಾಲಯ ನೋಡುತ್ತದೆ. ಬೆಳೆ ಹೋದರೆ ಹಣ ಕೊಟ್ಟರಾಯಿತು ಎಂದು ಎದುರಿನವರು ವಾದಿಸುವುದು ಖಂಡಿತ. ಕೊಳೆಮದ್ದಾದ ಬೋರ್ಡೋ ದ್ರಾವಣ ಹೊಡೆಯುವುದು ತಪ್ಪಿದರೆ ಕಾಯಿ ಉದುರುವುದಷ್ಟೇ ಅಲ್ಲ, ಕೊಳೆ ಸುಳಿಗೆ ಏರಿದರೆ ಮರವೇ ಸಾಯುತ್ತದೆ, ಹೊಸ ಸಸಿ ಫಲಕ್ಕೆ ಬರಲು ವರ್ಷಗಳು ಬೇಕು ಎಂಬುದನ್ನು ಅಫಿಡವಿಟ್ಟಿನಲ್ಲಿ ಬಿಡಿಸಿ ಬರೆಸಿ. ದಣಪೆ ಹಾಕಿಯೇ ಹೋಗುತ್ತೇವೆ, ನಿಮ್ಮ ಗದ್ದೆಗೆ ದನ ನುಗ್ಗಲು ಬಿಡುವುದಿಲ್ಲ ಎಂಬ ಮಾತನ್ನೂ ಸೇರಿಸಿ. ತೂಕ ನಿಮ್ಮ ಕಡೆ ವಾಲಲು ಅದು ನಿಜಕ್ಕೂ ನೆರವಾಗುತ್ತದೆ.

ಎದುರು ಪಕ್ಷಕ್ಕೆ ನೋಟಿಸಿಲ್ಲದೆ ಆಜ್ಞೆ ಸಿಗುವುದು ಅಪರೂಪ. ಸಿಕ್ಕರೂ 30 ದಿನದೊಳಗೆ ಅರ್ಜಿ ತೀರ್ಮಾನಿಸಲು ನ್ಯಾಯಾಲಯ ಪ್ರಯತ್ನಿಸಬೇಕು. ಅರ್ಜಿ ವಜಾ ಆದರೆ 43ನೇ ಆದೇಶದಡಿ ಮೇಲ್ಮನವಿಗೆ ಅವಕಾಶವಿದೆ. ಆಜ್ಞೆಯನ್ನು ಮೀರಿದವರ ಸ್ವತ್ತು ಜಪ್ತಿಗೂ, ಮೂರು ತಿಂಗಳವರೆಗಿನ ಸಿವಿಲ್ ಬಂಧನಕ್ಕೂ 39ನೇ ಆದೇಶದ 2ಎ ನಿಯಮದಲ್ಲಿ ಎಡೆಯಿದೆ. ಅಲ್ಲಿಯವರೆಗೆ ನೀವೇ ಹೋಗಿ ತಂತಿ ಕತ್ತರಿಸಬೇಡಿ. ಪೊಲೀಸ್ ದೂರು ದಾಖಲಾದರೆ ಅದೇ ನಿಮ್ಮ ವಿರುದ್ಧದ ಮೊದಲ ದಾಖಲೆಯಾಗುತ್ತದೆ.

ನಡುವೆ ಊರಿನ ಹಿರಿಯರು ರಾಜಿಗೆ ಕೂರಿಸಿದರೆ ಖಂಡಿತ ಕುಳಿತುಕೊಳ್ಳಿ. ಆದರೆ ಒಪ್ಪಿದ್ದನ್ನು ದಾರಿಯ ಅಗಲ ಮತ್ತು ನಕ್ಷೆಯೊಂದಿಗೆ ಬರೆದು, 23ನೇ ಆದೇಶದ 3ನೇ ನಿಯಮದಡಿ ರಾಜಿ ಡಿಕ್ರಿಯಾಗಿ (ರಾಜಿಯನ್ನೇ ಕೋರ್ಟು ತನ್ನ ಡಿಕ್ರಿಯಾಗಿ ದಾಖಲಿಸುವುದು) ಮಾಡಿಸಿಕೊಂಡ ಮೇಲೆಯೇ ದಾವೆ ಮುಗಿಸಿ.