ಎರಡು ಲೋಕದ ಮಧ್ಯೆ ಜಾಗ ಬದಲಾಯಿಸೋ ಚಕ್ರವ್ಯೂಹದ ಕಥೆ ಬರೀತಿದೀನಿ, ಓದಿದೋರು ಭಯ ಆಗಲ್ಲ ಗೊಂದಲ ಆಗುತ್ತೆ ಅಂತಾರೆ, ಏನ್ ಮಾಡ್ಲಿ? ಒಳಗೊಂದು ರಾಕ್ಷಸ ಬೇಕಾ?

"ಗೋಡೆಗಳು ಯಾವಾಗ ಬೇಕಾದ್ರೂ ಹೆಂಗ್ ಬೇಕಾದ್ರೂ ಜರುಗ್ತವೆ" ಅಂತ ಪ್ರಶ್ನೆ ಕೆಳಗೆ ಬರ್ದಿದೀರಲ್ಲ, ತೊಂದ್ರೆ ಇರೋದೇ ಅಲ್ಲಿ. ಹೆಂಗ್ ಬೇಕಾದ್ರೂ ಜರುಗೋ ಜಾಗದಲ್ಲಿ ಹೀರೋ ಎಡಕ್ಕೆ ಹೋದ್ರೇನು ಬಲಕ್ಕೆ ಹೋದ್ರೇನು, ಓದೋನು ಎರಡು ಪೇಜ್ ಆದ್ಮೇಲೆ ದಾರಿ ಲೆಕ್ಕ ಇಡೋದೇ ಬಿಟ್ಬಿಡ್ತಾನೆ, ಲೆಕ್ಕ ಬಿಟ್ಟೋನಿಗೆ ಭಯ ಎಲ್ಲಿಂದ ಬರುತ್ತೆ? ಗೋಡೆ ಜರುಗೋಕೆ ಒಂದು ಕಾರಣ ಕೊಡಿ, ಆ ಕಾರಣ ಒಳಗೆ ಹೋದೋರು ಮಾಡೋ ಕೆಲಸಾನೇ ಆಗಿರ್ಲಿ.

ನಾನು ಕೋಲಾರದ ಕೆಜಿಎಫ್ ಕಡೆಯೋನು, ನಮ್ ದೊಡ್ಡಪ್ಪ ಚಿನ್ನದ ಗಣೀಲಿ ಇಳೀತಿದ್ದೋರು, ಅದಕ್ಕೆ ನನ್ ತಲೇಲಿ ಚಕ್ರವ್ಯೂಹ ಅಂದ್ರೆ ಅದೇ ಬರೋದು. ಅಲ್ಲಿನ ಚಾಂಪಿಯನ್ ರೀಫ್ ಅನ್ನೋ ಗಣಿ ಸುಮಾರು 3.2 ಕಿಲೋಮೀಟರ್ ಆಳ. ತಳದಲ್ಲಿ ಬಂಡೆಯ ಬಿಸಿ 60 ಡಿಗ್ರಿ ದಾಟುತ್ತೆ, ತಣ್ಣನೆ ಗಾಳಿ ಬಿಡದೆ ಅಲ್ಲಿ ಕೆಲಸಾನೇ ಆಗ್ತಿರ್ಲಿಲ್ಲ. ಆದ್ರೂ ದೊಡ್ಡಪ್ಪ ಬಿಸಿ ಬಗ್ಗೆ ಜಾಸ್ತಿ ಹೇಳ್ತಿರ್ಲಿಲ್ಲ, ಅವರ ಬಾಯಲ್ಲಿ ಬರ್ತಿದ್ದಿದ್ದೆಲ್ಲ ಬಂಡೆ ಸಿಡಿಯೋ ವಿಷಯಾನೇ. ರಾಕ್ ಬರ್ಸ್ಟ್ ಅಂತಾರೆ, ಬ್ರಿಟಿಷರ ಕಾಲದಲ್ಲಿ ಏರ್ ಬ್ಲಾಸ್ಟ್ ಅಂತಿದ್ರಂತೆ. ಮೇಲಿರೋ ಭೂಮಿ ಭಾರಾನ ಮೊದ್ಲು ಇಡೀ ಬಂಡೆ ಹಂಚ್ಕೊಂಡು ಹೊತ್ತಿರುತ್ತೆ, ಅದಿರು ತೆಗೆದು ಟೊಳ್ಳು ಮಾಡಿದ್ರೆ ಆ ಭಾರ ಎಲ್ಲೂ ಹೋಗಲ್ಲ, ಪಕ್ಕದಲ್ಲಿ ಉಳಿದಿರೋ ಬಂಡೆ ಮೇಲೆ ಬೀಳುತ್ತೆ. ಮದುವೆ ಚಪ್ಪರದ ಕಂಬ ಒಂದೊಂದೇ ಕಿತ್ತಂಗೆ. ಕೊನೆಗೆ ಉಳಿದ ತುಂಡು ಒಂದಿನ ತಡ್ಕೊಳ್ಳಲ್ಲ, ಢಮಾರ್ ಅಂತ ಸಿಡಿಯುತ್ತೆ, ನಿನ್ನೆ ನಡ್ಕೊಂಡು ಹೋದ ಸುರಂಗ ಇವತ್ತು ಮುಚ್ಚೋಗಿರುತ್ತೆ. ದೊಡ್ಡದಾದ್ರೆ ಮೇಲೆ ಊರಲ್ಲಿ ಮನೆಗಳೂ ಅದುರೋವು. ಇದನ್ನ ತಡೆಯೋಕೆ ಖಾಲಿ ಆದ ಕಡೆ ಗ್ರಾನೈಟ್ ಕಲ್ಲಿನ ಗೋಡೆ ಕಟ್ಕೊಂಡು ಬರ್ತಿದ್ರು.

ಇದನ್ನ ಹಂಗೇ ಎತ್ಕೊಂಡು ನಿಮ್ ಕಥೆಗೆ ಹಾಕಿ. ಎರಡು ಲೋಕದ ಮಧ್ಯೆ ಇರೋದೇ ಆ ಬಂಡೆ, ಒಂದೊಂದು ಬಾಗಿಲು ತೆಗೆದಾಗ್ಲೂ ಅದು ಒಂದಷ್ಟು ಟೊಳ್ಳಾಗುತ್ತೆ, ಭಾರ ಬೇರೆ ಗೋಡೆಗೆ ಹೋಗುತ್ತೆ. ಈಗ ನಿಮ್ ಕಥೆ ಮುಖ್ಯ ಪಾತ್ರ ಒಬ್ಬ ಹುಡುಗಿ, ಅವಳು ಗೆಳತೀನ ಉಳಿಸೋಕೆ ಒಂದು ಅಡ್ಡದಾರಿ ತೆಗೀತಾಳೆ ಅಂತಿಟ್ಕೊಳಿ, ಮೂರನೇ ಅಧ್ಯಾಯದಲ್ಲಿ ಇನ್ಯಾರೋ ಮಲಗಿದ್ದ ಜಾಗ ಕುಸಿಯುತ್ತೆ, ಅವಳಿಗೆ ಗೊತ್ತಾಗೋಕೆ ಮುಂಚೆ ಓದೋನಿಗೆ ಗೊತ್ತಾಗ್ಬೇಕು. ಆಮೇಲೆ ಅವಳು ಯಾವ ಬಾಗಿಲಿಗೆ ಕೈ ಇಟ್ರೂ ಓದೋನ ಎದೆ ಹೊಡ್ಕೊಳುತ್ತೆ, ರಾಕ್ಷಸ ಬರೋದೇ ಬೇಡ. ಸದ್ದನ್ನೂ ಬಳಸ್ಕೊಳಿ, ಸಿಡಿಯೋ ಮುಂಚೆ ಬಂಡೆ ಚಟಚಟ ಅನ್ನುತ್ತೆ ಅಂತ ದೊಡ್ಡಪ್ಪ ಹೇಳೋರು.

ದಾರಿ ಹುಡುಕೋ ಹಳೇ ಉಪಾಯಗಳೆಲ್ಲ ಇಲ್ಲಿ ಕೈ ಕೊಡ್ತವೆ, ಅದೂ ನಿಮಗೆ ಲಾಭಾನೇ. ಬಲಗೈನ ಗೋಡೆ ಮೇಲಿಟ್ಕೊಂಡು ನಡೀತಿದ್ರೆ ಹೊರಗೆ ಬರ್ತೀವಿ ಅನ್ನೋದು ಗೋಡೆಗಳೆಲ್ಲ ಒಂದಕ್ಕೊಂದು ಸೇರಿದ್ರೆ ಮಾತ್ರ ನಿಜ, ಮಧ್ಯೆ ಒಂದು ಗೋಡೆ ಕಳಚ್ಕೊಂಡು ಒಂಟಿ ಆದ್ರೆ ಅದನ್ನೇ ಸುತ್ತುತಾ ಇರ್ತೀರ. ಗ್ರೀಕ್ ಕಥೇಲಿ ಬಂದ ದಾರೀಲೇ ವಾಪಸ್ ಬರೋಕೆ ಅಂತ ಅರಿಯಾಡ್ನೆ ಕೊಟ್ಟ ದಾರದುಂಡೆ ಇದೆಯಲ್ಲ, ಅದೂ ಅಷ್ಟೇ, ನೀವು ವಾಪಸ್ ಬರೋ ಹೊತ್ತಿಗೆ ದಾರ ಗೋಡೆ ಒಳಗೆ ಹೋಗಿರುತ್ತೆ. ನಮ್ ಅಭಿಮನ್ಯು ಕಥೆ ಇನ್ನೂ ಹತ್ರ, ಅಲ್ಲಿ ಗೋಡೆ ಅಂದ್ರೆ ಸೈನಿಕರೇ, ಹಿಂದೆ ಬರ್ತಿದ್ದ ಪಾಂಡವರನ್ನ ಜಯದ್ರಥ ಬಾಗಿಲಲ್ಲೇ ತಡೆದು ನಿಲ್ಲಿಸ್ತಾನೆ, ಹುಡುಗ ಒಳಗೆ ಒಬ್ಬನೇ ಆಗ್ತಾನೆ.

ಇನ್ನೊಂದು, ಆ ಚಕ್ರವ್ಯೂಹಾನ ನೋಡ್ಕೊಳೋರು ಯಾರು ಅಂತ ಯೋಚ್ನೆ ಮಾಡಿ, ಇದನ್ನ ಯಾರೂ ಬರೆಯಲ್ಲ ನನಗೆ ಬೇಜಾರು. ಕೆಜಿಎಫ್ ಗಣಿ 2001ರ ಫೆಬ್ರವರಿ 28ಕ್ಕೆ ಮುಚ್ತು, ನೀರು ಎತ್ತೋ ಪಂಪ್ ನಿಂತ್ಮೇಲೆ ಸುರಂಗಗಳಿಗೆಲ್ಲ ನೀರು ತುಂಬ್ಕೊಳ್ತು. ನಿಮ್ ಕಥೇಲಿ ಒಂದು ಲೋಕದವರು ದುಡ್ಡಿಲ್ಲ ಅಂತ ಕೈ ಬಿಟ್ರೆ? ಕೆಳಗಿಂದ ಏನೋ ತುಂಬ್ಕೊಂಡು ಬರುತ್ತೆ, ಇನ್ನೊಂದು ಲೋಕದವರಿಗೆ ಯಾರೂ ಹೇಳೇ ಇರಲ್ಲ.

ಭಾರ ಹಾಕದೆ ದಾಟೋ ಪಾತ್ರ ಒಂದು ಬೇಕಿದ್ರೆ ಅದೂ ನಮ್ಮೂರಲ್ಲೇ ಸಿಗುತ್ತೆ. 1965ರಲ್ಲಿ ವಿಜ್ಞಾನಿಗಳು ಇದೇ ಗಣಿಯ ಆಳದಲ್ಲಿ, ಎರಡು ಕಿಲೋಮೀಟರ್‌ಗೂ ಕೆಳಗೆ, ವಾತಾವರಣದಲ್ಲಿ ಹುಟ್ಟಿದ ನ್ಯೂಟ್ರಿನೊ ಅನ್ನೋ ತೀರಾ ಸಣ್ಣ ಕಣ ಹಿಡಿದ್ರು. ಬೇರೆ ಕಣಗಳನ್ನ ಬಹುಪಾಲು ಅಷ್ಟು ಬಂಡೆ ತಡೆಯುತ್ತೆ, ಇದು ಮಾತ್ರ ಹೆಚ್ಚೂ ಕಡಿಮೆ ಏನೂ ಮುಟ್ಟದೆ ಭೂಮೀನೇ ದಾಟಿ ಹೋಗುತ್ತೆ. ಹಂಗೆ ಯಾವ ಬಾಗಿಲೂ ತೆಗೀದೆ ಓಡಾಡೋ ಒಬ್ಬಳು ಇದ್ರೆ ಎರಡೂ ಲೋಕದವರು ಅವಳ ಹಿಂದೆ ಬೀಳ್ತಾರೆ.

ರಾಕ್ಷಸ ಬೇಕೇ ಬೇಕು ಅನ್ಸಿದ್ರೆ, ಕೊಂಬು ಕೋರೆಹಲ್ಲು ಬಿಟ್ಟು ಒಬ್ಬ ಮೇಸ್ತ್ರೀನ ಇಡಿ. ಯಾರ್ಯಾರೋ ತೆಗೆದ ಬಾಗಿಲುಗಳಿಗೆಲ್ಲ ಕಲ್ಲು ಕಟ್ಕೊಂಡು ಬರ್ತಿರೋನು, ಒಳಗೆ ಯಾರಾದ್ರೂ ಸಿಕ್ಕಾಕ್ಕೊಂಡಿದ್ರೂ ಕಟ್ತಾನೆ, ಯಾಕಂದ್ರೆ ಕಟ್ಲಿಲ್ಲ ಅಂದ್ರೆ ಅವನ ಊರು ಬೀಳುತ್ತೆ. ನಿಮ್ ಹುಡುಗೀನೂ ಅವನೂ ಒಂದೇ ಬಾಗಿಲ ಹತ್ರ ಎದುರಾಗ್ಲಿ, ಅವಳ ಗೆಳತಿ ಆ ಕಡೆ ಇರ್ಲಿ, ಆಮೇಲೆ ಬರ್ಕೊಂಡು ಹೋಗಿ.