ಫ್ಲಾರೆನ್ಸ್‌ನಿಂದ ಒಂದೇ ದಿನದಲ್ಲಿ ದೋಣಿಯಲ್ಲಿ ಚಿಂಕ್ವೆ ತೆರ್ರೆಯ ಐದೂ ಊರು ನೋಡಬಹುದೇ?

ಅತ್ತೆ-ಮಾವನನ್ನು ಕರೆದುಕೊಂಡು ಫ್ಲಾರೆನ್ಸ್‌ನಿಂದ ಬೆಳಿಗ್ಗೆ ಹೊರಟು, ಇಟಲಿಯ ಕಡಲಂಚಿನ ಗುಡ್ಡಗಳಿಗೆ ಅಂಟಿಕೊಂಡ ಚಿಂಕ್ವೆ ತೆರ್ರೆಯ ಐದೂ ಊರನ್ನು ದೋಣಿಯಲ್ಲಿ ನೋಡಿ, ರಾತ್ರಿ ಊಟದ ಹೊತ್ತಿಗೆ ವಾಪಸ್. ನಿಮ್ಮ ಪ್ರಶ್ನೆಯಲ್ಲಿ ‘ಐದೂ’ ಎಂಬ ಪದ ಓದುವಾಗಲೇ ನನ್ನ ಮೊಣಕಾಲು ನೋಯತೊಡಗಿತು. 2018ರ ಜೂನ್‌ನಲ್ಲಿ ನಾನೂ ಅದೇ ‘ಐದೂ’ ತಲೆಯಲ್ಲಿಟ್ಟುಕೊಂಡು ಹೊರಟವನು.

ಆಗ ನನ್ನ ಕೆಲಸ ಮ್ಯೂನಿಕ್‌ನಲ್ಲಿ. ಹೊನ್ನಾವರದ ಹತ್ತಿರದ ನಮ್ಮೂರಿನಿಂದ ಅಪ್ಪ, ಅಮ್ಮ, ತಂಗಿ ಒಂದು ತಿಂಗಳಿಗೆಂದು ಬಂದಿದ್ದರು. ಅಪ್ಪನಿಗೆ 68, ಅಮ್ಮನಿಗೆ 61. ಅಪ್ಪ ಅಡಿಕೆ ತೋಟದ ಮನುಷ್ಯ. ಫ್ಲಾರೆನ್ಸ್‌ನ ಮೂರ್ತಿಗಳ ಎದುರು ‘ಹೂಂ’ ಎಂದು ಮುಂದೆ ನಡೆದವನು, ಕಡಲಿಗೆ ಎದೆಯೊಡ್ಡಿ ನಿಂತ ಗುಡ್ಡವನ್ನು ಪಟ್ಟಿ ಪಟ್ಟಿಯಾಗಿ ಕಡಿದು ದ್ರಾಕ್ಷಿ ಬೆಳೆದ ಚಿತ್ರ ತೋರಿಸಿದಾಗ ಮಾತ್ರ ಕನ್ನಡಕ ಹುಡುಕಿದ. ಅಮ್ಮನದು ಒಂದೇ ಬೇಡಿಕೆ. ಪೋರ್ತೊವೆನೆರೆಯಲ್ಲಿ ಸಮುದ್ರಕ್ಕೆ ಚಾಚಿದ ಬಂಡೆಯ ತುದಿಯಲ್ಲಿ ಸಾನ್ ಪಿಯೆತ್ರೊ ಎಂಬ ಕಲ್ಲಿನ ಚರ್ಚ್ ಇದೆ. ಅದರ ಮುಂದೆ ಸ್ವಲ್ಪ ಹೊತ್ತು ಕುಳಿತುಕೊಳ್ಳಬೇಕು, ಅಷ್ಟೇ. ಇಡೀ ಯುರೋಪಿನಲ್ಲಿ ಅವಳು ಕೇಳಿದ್ದು ಅದೊಂದನ್ನೇ. ಪೋರ್ತೊವೆನೆರೆ ಆ ಐದು ಊರುಗಳಲ್ಲಿ ಒಂದಲ್ಲ, ಪಕ್ಕದ್ದು. 1997ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿಸುವಾಗ ಎಲ್ಲವನ್ನೂ ಒಟ್ಟಿಗೇ ಸೇರಿಸಿದ್ದಾರೆ.

ಬೆಳಿಗ್ಗೆ ಏಳಕ್ಕೆ ಹೊರಟು ಪೀಸಾದಲ್ಲಿ ರೈಲು ಬದಲಾಯಿಸಿ ಲಾ ಸ್ಪೆಜಿಯಾ ತಲುಪುವಷ್ಟರಲ್ಲಿ ಒಂಬತ್ತೂವರೆ. ಬಂದರಿನಲ್ಲಿ ನಾಲ್ವರಿಗೂ ಇಡೀ ದಿನದ ಲಾಂಚ್ ಟಿಕೆಟ್ ಕೊಂಡೆ. ಎಲ್ಲಿ ಬೇಕಾದರೂ ಇಳಿದು ಮುಂದಿನ ಲಾಂಚ್ ಹತ್ತಬಹುದಾದ ಟಿಕೆಟ್ ಅದು. ಕೊಲ್ಲಿ ದಾಟಿ, ಪಲ್ಮಾರಿಯಾ ದ್ವೀಪಕ್ಕೂ ಪೋರ್ತೊವೆನೆರೆಗೂ ನಡುವಿನ ಇಕ್ಕಟ್ಟಿನಲ್ಲಿ ಲಾಂಚ್ ನುಸುಳುವಾಗ ಅಮ್ಮನ ಚರ್ಚು ತಲೆಯ ಮೇಲೇ ಬಂದಂತೆ ಕಂಡಿತು. ಅಮ್ಮ ಎದ್ದು ನಿಂತಳು. ‘ಈಗ ಬೇಡ, ಬರುವಾಗ ಇಳಿದು ಒಂದು ಗಂಟೆ ಕುಳಿತುಕೊಳ್ಳೋಣ’ ಎಂದೆ. ಆ ಮಾತು ನೆನಪಿಟ್ಟುಕೊಳ್ಳಿ.

ವೆರ್ನಾಜಾದಲ್ಲಿ ಇಳಿದೆವು. ಐದರಲ್ಲಿ ಬಂದರು ಎನ್ನಬಹುದಾದ ಬಂದರು ಇರುವುದು ಈ ಊರಿಗೆ ಮಾತ್ರ. ಕಟ್ಟೆಯ ಮೇಲೆ ಕುಳಿತು ತಿಂದೆವು. 2011ರ ಅಕ್ಟೋಬರ್ 25ರಂದು ಗುಡ್ಡದಿಂದ ನೀರೂ ಮಣ್ಣೂ ನುಗ್ಗಿ ಇದೇ ಬೀದಿಯ ನೆಲಮಹಡಿಗಳು ಕೆಸರಿನಲ್ಲಿ ಹೂತುಹೋಗಿದ್ದವು ಎಂದು ಅಪ್ಪನಿಗೆ ಹೇಳಿದೆ. ಅವನು ತಲೆಯೆತ್ತಿ ಗುಡ್ಡ ನೋಡಿದ. ಗಾರೆಯಿಲ್ಲದೆ ಬರೀ ಕಲ್ಲು ಪೇರಿಸಿ ಕಟ್ಟಿದ ಪಾಗಾರಗಳು ಸಾಲು ಸಾಲು. ಕೆಲವು ಕಡೆ ಕುಸಿದು ಕಾಡು ಬೆಳೆದಿತ್ತು. ‘ತೋಟ ಬಿಟ್ಟು ಪೇಟೆಗೆ ಹೋದವರ ಜಾಗ ಅದು. ಪಾಗಾರ ಬಿದ್ದ ಮೇಲೆ ಮಣ್ಣು ಯಾರ ಮಾತೂ ಕೇಳುವುದಿಲ್ಲ’ ಎಂದ. ಆಮೇಲೆ ಓದಿ ನೋಡಿದರೆ ಅಲ್ಲಿನವರು ಹೇಳುವುದೂ ಹೆಚ್ಚುಕಡಿಮೆ ಅದನ್ನೇ.

ಅಷ್ಟಕ್ಕೇ ಬಿಟ್ಟಿದ್ದರೆ ಅದು ನನ್ನ ಬದುಕಿನ ಒಳ್ಳೆಯ ದಿನಗಳಲ್ಲಿ ಒಂದಾಗುತ್ತಿತ್ತು. ಆದರೆ ಐದರ ಲೆಕ್ಕ ಬಾಕಿ ಇತ್ತಲ್ಲ. ವೆರ್ನಾಜಾದಿಂದ ಕೊರ್ನಿಲ್ಯಾಗೆ ಗುಡ್ಡದ ಮೇಲೊಂದು ಕಾಲುದಾರಿ ಇದೆ, ಒಂದೂವರೆ ಗಂಟೆಯ ನಡಿಗೆ. ನಾನು ಯೋಜನೆ ಹಾಕಿದೆ: ತಂಗಿ ಮತ್ತು ನಾನು ನಡೆದು ಬರುತ್ತೇವೆ, ಅಪ್ಪ-ಅಮ್ಮ ಅರ್ಧ ಗಂಟೆ ವಿಶ್ರಾಂತಿ ತೆಗೆದುಕೊಂಡು ಮುಂದಿನ ಲಾಂಚ್ ಹತ್ತಿ ಕೊರ್ನಿಲ್ಯಾದಲ್ಲಿ ಇಳಿದು ಲಾಂಚ್ ನಿಲ್ಲುವ ಧಕ್ಕೆಯಲ್ಲೇ ಕುಳಿತಿರಲಿ. ಅಪ್ಪನ ಊರಿನ ಸಿಮ್ ಅಲ್ಲಿ ಸತ್ತಿತ್ತು. ‘ಮುಂದಿನದೇ ಊರು, ತಪ್ಪಲು ಏನಿದೆ’ ಎಂದುಕೊಂಡೆ.

ಕೊರ್ನಿಲ್ಯಾದಲ್ಲಿ ಲಾಂಚ್ ನಿಲ್ಲುವುದಿಲ್ಲ. ಇವತ್ತಿಗೂ ನಿಲ್ಲುವುದಿಲ್ಲ, ನಾಳೆಯೂ ನಿಲ್ಲುವುದಿಲ್ಲ. ಆ ಊರು ಇರುವುದು ಸಮುದ್ರದಿಂದ ಸುಮಾರು 100 ಮೀಟರ್ ಎತ್ತರದ ಬಂಡೆಯ ನೆತ್ತಿಯಲ್ಲಿ.

ಈ ತಪ್ಪನ್ನು ನಾನು ಸರಿಯಾಗಿ ಬಿಡಿಸಿ ಹೇಳಲೇಬೇಕು, ಏಕೆಂದರೆ ತಂಗಿ ಎಲ್ಲ ನೆಂಟರ ಮನೆಯಲ್ಲೂ ‘ಅಣ್ಣ ವೇಳಾಪಟ್ಟಿಯನ್ನೇ ನೋಡಿರಲಿಲ್ಲ’ ಎಂದು ಹೇಳಿಕೊಂಡು ತಿರುಗುತ್ತಾಳೆ. ನೋಡಿದ್ದೆ. ಮೂರು ಸಲ ನೋಡಿದ್ದೆ. ವೇಳಾಪಟ್ಟಿಯ ಚೀಟಿ ಇಡೀ ದಿನ ನನ್ನ ಅಂಗಿಯ ಜೇಬಿನಲ್ಲೇ ಇತ್ತು. ಆದರೆ ನಾನು ಅದನ್ನು ಮೇಲಿನಿಂದ ಕೆಳಕ್ಕೆ ಓದಿದೆ, ಎಡದಿಂದ ಬಲಕ್ಕೆ ಓದಲಿಲ್ಲ. ಮೇಲಿನಿಂದ ಕೆಳಕ್ಕೆ ಇರುವುದು ಹೊತ್ತು. ಕೊನೆಯ ಲಾಂಚ್ ಯಾವಾಗ, ಮಧ್ಯಾಹ್ನ ಎಷ್ಟು ಹೊತ್ತಿಗೊಂದು, ಎಲ್ಲ ಬಾಯಿಪಾಠವಾಗಿತ್ತು. ಎಡದಿಂದ ಬಲಕ್ಕೆ ಇರುವುದು ಊರುಗಳ ಹೆಸರು: ಲಾ ಸ್ಪೆಜಿಯಾ, ಪೋರ್ತೊವೆನೆರೆ, ರಿಯೊಮಾಜೊರೆ, ಮನರೋಲಾ, ವೆರ್ನಾಜಾ, ಮೊಂತೆರೊಸ್ಸೊ. ಎಣಿಸಿ ನೋಡಿ, ಆರು. ಆರು ಹೆಸರು ಕಂಡ ಕಣ್ಣಿಗೆ ಐದು ಊರು ಅದರೊಳಗೆ ಇದ್ದೇ ಇರಬೇಕು ಎನಿಸಿತು. ಮೊದಲ ಎರಡು ಹೊರಗಿನವು, ಉಳಿದದ್ದು ನಾಲ್ಕೇ ಎಂಬ ಒಂದನೆಯ ತರಗತಿಯ ಲೆಕ್ಕ ಮಾಡಲಿಲ್ಲ. ಟಿಕೆಟ್ ಕೊಟ್ಟ ಹುಡುಗಿಯನ್ನೂ ಕೇಳಿದ್ದೆ, ‘ಇದು ಎಲ್ಲದಕ್ಕೂ ನಡೆಯುತ್ತದೆಯೇ’ ಎಂದು. ನಡೆಯುತ್ತದೆ ಎಂದಳು. ಅವಳು ಸುಳ್ಳು ಹೇಳಲಿಲ್ಲ. ಲಾಂಚ್ ನಿಲ್ಲುವ ಎಲ್ಲ ಕಡೆಗೂ ನಡೆಯುತ್ತದೆ. ‘ಕೊರ್ನಿಲ್ಯಾದಲ್ಲಿ ನಿಲ್ಲುತ್ತದೆಯೇ’ ಎಂದು ಕೇಳಬೇಕಿದ್ದ ಬಾಯಿ ‘ಎಲ್ಲ’ ಎಂದು ಕೇಳಿತು.

ಅದಕ್ಕಿಂತ ನಾಚಿಕೆಗೇಡಿನ ವಿಷಯ ಇನ್ನೊಂದಿದೆ. ನಾನು ಶರಾವತಿಯ ಅಳಿವೆಯ ಪಕ್ಕದಲ್ಲಿ ಬೆಳೆದವನು. ಕಡಲ ಅಂಚಿನಲ್ಲಿದ್ದ ಮಾತ್ರಕ್ಕೆ ಊರಿಗೆ ಧಕ್ಕೆ ಇರುವುದಿಲ್ಲ, ಧಕ್ಕೆಗೆ ತಗ್ಗು ಬೇಕು, ಅಲೆಗೆ ಮರೆ ಬೇಕು ಎಂಬುದು ನಮ್ಮ ಕಡೆಯ ಮಕ್ಕಳಿಗೂ ಗೊತ್ತು. ಬೆಳಿಗ್ಗೆ ಲಾಂಚ್‌ನಲ್ಲಿ ಹೋಗುವಾಗ ಅದೇ ಕೊರ್ನಿಲ್ಯಾ ಮೇಲೆ ಕಂಡಿತ್ತು. ಲಾಂಚ್ ನಿಲ್ಲದೆ ಸಾಗಿದ್ದೂ ನನ್ನ ಕಣ್ಣೆದುರೇ. ಆ ಹೊತ್ತಿನಲ್ಲಿ ನಾನು ತಂಗಿಯ ಫೋಟೊ ತೆಗೆಯುತ್ತಿದ್ದೆ.

ಮೂರೂಕಾಲಿಗೆ ಬೆವರಿಳಿಸಿಕೊಂಡು ಕೊರ್ನಿಲ್ಯಾ ತಲುಪಿ, ಒಬ್ಬ ಅಂಗಡಿಯವರನ್ನು ಲಾಂಚ್ ಎಲ್ಲಿ ಬರುತ್ತದೆ ಎಂದು ಕೇಳಿದೆ. ಆತ ನಗಲಿಲ್ಲ, ಅದೇ ದೊಡ್ಡದು. ಕೈಯನ್ನು ಕೆಳಗೆ, ಬಲು ಕೆಳಗೆ ತೋರಿಸಿ, ಇಲ್ಲ ಎಂಬಂತೆ ಬೆರಳು ಆಡಿಸಿದ. ನನ್ನ ಹೊಟ್ಟೆಯಲ್ಲಿ ಕಲ್ಲು ಬಿದ್ದಿತು.

ಲಾಂಚ್ ಇಲ್ಲಿ ನಿಂತಿಲ್ಲವೆಂದರೆ ಮುಂದಿನದು ಮನರೋಲಾ. ಅಲ್ಲೇ ಇಳಿದಿರುತ್ತಾರೆ. ಕೊರ್ನಿಲ್ಯಾದ ರೈಲು ನಿಲ್ದಾಣ ಇರುವುದು ಕೆಳಗೆ, ಸಮುದ್ರದ ಮಟ್ಟದಲ್ಲಿ. ಲಾರ್ದರಿನಾ ಎಂಬ ಇಟ್ಟಿಗೆಯ ಮೆಟ್ಟಿಲು ದಾರಿ, 33 ತಿರುವು, ಸುಮಾರು 380 ಮೆಟ್ಟಿಲು. ಇಬ್ಬರೂ ಓಡಿ ಇಳಿದು ರೈಲು ಹಿಡಿದೆವು. ಸುರಂಗದೊಳಗೆ ಕೆಲವೇ ನಿಮಿಷ, ಮನರೋಲಾ. ಧಕ್ಕೆಯಲ್ಲಿ ಇಲ್ಲ, ಬೀದಿಯಲ್ಲಿ ಇಲ್ಲ, ಚರ್ಚಿನ ಬಳಿ ಇಲ್ಲ.

ಆಮೇಲೆ ಗೊತ್ತಾಗಿದ್ದು ಇಷ್ಟು. ಬಂಡೆಯ ಮೇಲೆ ಊರು ಕಂಡಾಗ ಅಪ್ಪ ಲಾಂಚ್‌ನ ಹುಡುಗನಿಗೆ ‘ಕೊರ್ನಿಲ್ಯಾ, ಕೊರ್ನಿಲ್ಯಾ’ ಎಂದ. ಅವನು ಮೇಲೆ ಕೈ ತೋರಿಸಿ ‘ತ್ರೆನೊ’ ಎಂದ. ತ್ರೆನೊ ಎಂದರೆ ಟ್ರೇನ್ ಎಂದು ಅಪ್ಪನಿಗೆ ತಿಳಿಯದೇ ಇರುತ್ತದೆಯೇ! ಇಬ್ಬರೂ ಮನರೋಲಾದಲ್ಲಿ ಇಳಿದರು. ಅಮ್ಮ ಹೇಳಿದ್ದು, ‘ತಪ್ಪಿಸಿಕೊಂಡವರು ತಪ್ಪಿದ ಜಾಗದಲ್ಲೇ ಇರಬೇಕು, ಮಗ ಹುಡುಕಿಕೊಂಡು ಬರುತ್ತಾನೆ’ ಎಂದು. ಅಪ್ಪ ಹೇಳಿದ್ದು, ‘ಅವನು ಕಾಯುತ್ತಿರುವುದು ಅಲ್ಲಿ, ನಾವು ಇಲ್ಲಿ ಕುಳಿತರೆ ಹೇಗೆ’ ಎಂದು. ಅಮ್ಮ ಹೇಳಿದ್ದೇ ಸರಿ, ನಡೆದದ್ದು ಅಪ್ಪನ ಮಾತು. ನಾವು ಮನರೋಲಾಗೆ ಹೋಗುವ ರೈಲಿನಲ್ಲಿ, ಅವರು ಕೊರ್ನಿಲ್ಯಾಗೆ ಹೋಗುವ ರೈಲಿನಲ್ಲಿ. ಆ ಕತ್ತಲೆಯ ಸುರಂಗದಲ್ಲೇ ಎಲ್ಲೋ ಒಬ್ಬರನ್ನೊಬ್ಬರು ದಾಟಿರಬೇಕು.

ಕೊರ್ನಿಲ್ಯಾ ನಿಲ್ದಾಣದಿಂದ ಮೇಲಕ್ಕೆ ಪುಟ್ಟ ಬಸ್ಸು ಇದೆ. ಅವರಿಗೆ ಗೊತ್ತಿರಲಿಲ್ಲ. ನಡೆದೇ ಹತ್ತಿದರು. ಜೂನ್ ತಿಂಗಳ ಮಧ್ಯಾಹ್ನ ನಾಲ್ಕರ ಬಿಸಿಲಿನಲ್ಲಿ, ಮೊಣಕಾಲು ನೋವಿನ ಅಮ್ಮ, 380 ಮೆಟ್ಟಿಲು.

ನಾವು ಮನರೋಲಾ, ರಿಯೊಮಾಜೊರೆ ಎರಡನ್ನೂ ಜಾಲಾಡಿ, ಕೊನೆಗೆ ತಂಗಿಯ ಮಾತು ಕೇಳಿ ಕೊರ್ನಿಲ್ಯಾಗೆ ಮರಳಿದಾಗ ಐದೂವರೆ ದಾಟಿತ್ತು. ಊರಿನ ಬಾಯಲ್ಲೇ ಇರುವ ಹಳೆಯ ಚರ್ಚಿನ ಮೆಟ್ಟಿಲ ಮೇಲೆ ಇಬ್ಬರೂ ಕುಳಿತಿದ್ದರು. ಅಮ್ಮ ಚಪ್ಪಲಿ ಬಿಚ್ಚಿಟ್ಟು ಕಾಲು ನೀವಿಕೊಳ್ಳುತ್ತಿದ್ದಳು. ಬೈಯುತ್ತಾಳೆ ಎಂದುಕೊಂಡೆ. ಅಪ್ಪ ಬಾಗಿಲ ಪಕ್ಕದ ಫಲಕವನ್ನು ತೋರಿಸಿ, ‘ನಿನ್ನ ಅಮ್ಮನಿಗೆ ಸಾನ್ ಪಿಯೆತ್ರೊ ನೋಡಬೇಕಿತ್ತಲ್ಲ, ನೋಡು, ಕರೆದುಕೊಂಡು ಬಂದಿದ್ದೇನೆ’ ಎಂದ. ನಿಜ. ಕೊರ್ನಿಲ್ಯಾದ ಚರ್ಚಿಗೂ ಅದೇ ಸಂತನ ಹೆಸರು. ಅಮ್ಮ ನಕ್ಕಳು, ಆದರೆ ಸಮುದ್ರದ ಕಡೆ ತಿರುಗಿ ನಕ್ಕಳು.

ಪೋರ್ತೊವೆನೆರೆಗೆ ರೈಲು ಇಲ್ಲ. ಕೊನೆಯ ಲಾಂಚ್ ಹೋಗಿಯಾಗಿತ್ತು, ನಾಲ್ಕು ಟಿಕೆಟ್‌ಗಳ ಅರ್ಧ ದುಡ್ಡು ನೀರಿಗೆ. ಲಾ ಸ್ಪೆಜಿಯಾದಿಂದ ಬಸ್ಸಿದೆ, ಹೋಗೋಣ ಎಂದೆ. ಅಮ್ಮ ತನ್ನ ಕಾಲನ್ನು ನೋಡಿದಳು, ನಾನು ಮತ್ತೆ ಕೇಳಲಿಲ್ಲ. ಫ್ಲಾರೆನ್ಸ್ ತಲುಪಿದಾಗ ನಡುರಾತ್ರಿ ಹತ್ತಿರ. ಮುಂದಿನ ಎರಡು ದಿನ ಅಮ್ಮ ಕೋಣೆಯಿಂದ ಹೊರಗೆ ಬರಲಿಲ್ಲ.

ಹಾಗಾಗಿ ನಿಮ್ಮ ಪ್ರಶ್ನೆಗೆ ನನ್ನ ಉತ್ತರ: ಐದನ್ನು ಬಿಟ್ಟುಬಿಡಿ. ದೋಣಿಯಲ್ಲಿ ಐದು ಊರು ಇಳಿಯಲು ಸಾಧ್ಯವೇ ಇಲ್ಲ, ನಾಲ್ಕೇ. ದೋಣಿಯಲ್ಲೇ ಐದೂ ಎಂದು ಟಿಕೆಟ್ ಮಾರುವವರನ್ನು ಐದನೆಯದಕ್ಕೆ ಹೇಗೆ ಕರೆದೊಯ್ಯುತ್ತೀರಿ ಎಂದು ಕೇಳಿ, ಉತ್ತರ ತಡವರಿಸಿದರೆ ಎದ್ದು ಬನ್ನಿ. ‘ಕೊರ್ನಿಲ್ಯಾ ಹೊರತು ನಾಲ್ಕೂ’ ಎಂದು ಪ್ರಶ್ನೆ ತಿದ್ದಿಕೊಂಡು ಬಂದರೂ ನನ್ನ ಉತ್ತರ ಬದಲಾಗುವುದಿಲ್ಲ. ಫ್ಲಾರೆನ್ಸ್‌ನಿಂದ ಹೋಗಿ ಬರಲಿಕ್ಕೇ ನಾಲ್ಕೈದು ಗಂಟೆ. ಉಳಿದ ಹೊತ್ತಿನಲ್ಲಿ ನಾಲ್ಕು ಊರು ಎಂದರೆ ನಾಲ್ಕು ಸಾಲಿನಲ್ಲಿ ನಿಂತು ನಾಲ್ಕು ಐಸ್‌ಕ್ರೀಮ್ ತಿಂದು ಬಂದಂತೆ. ಅತ್ತೆ-ಮಾವನಿಗೆ ಎರಡು ಊರು ಸಾಕು. ವೆರ್ನಾಜಾ ಒಂದು, ಪೋರ್ತೊವೆನೆರೆ ಇನ್ನೊಂದು. ಪೋರ್ತೊವೆನೆರೆಯಲ್ಲಿ ಹೋಗುವಾಗಲೇ ಇಳಿಯಿರಿ. ಬರುವಾಗ ಎಂದು ಹೇಳಬೇಡಿ.

ದೋಣಿಯೇ ಬೇಡ ಎನ್ನುವುದಿಲ್ಲ. ರೈಲು ಬಹುಪಾಲು ಸುರಂಗದಲ್ಲೇ ಹೋಗುತ್ತದೆ. ಊರಿಗೂ ಬಂಡೆಗೂ ಕಡಲಿಗೂ ಇರುವ ಸಂಬಂಧ ನೀರಿನ ಮೇಲಿಂದಷ್ಟೇ ಕಾಣುತ್ತದೆ. ಹೋಗುವಾಗ ದೋಣಿ, ಬರುವಾಗ ರೈಲು. ದೋಣಿಯ ಟಿಕೆಟ್ಟನ್ನು ಅದೇ ದಿನ ಬೆಳಿಗ್ಗೆ, ಸಮುದ್ರ ನೋಡಿ ಕೊಳ್ಳಿ, ಗಾಳಿ ಎದ್ದರೆ ನಿಲ್ಲಿಸಿಬಿಡುತ್ತಾರೆ. ರೈಲಿಗೂ ಕಾಲುದಾರಿಗೂ ಸೇರಿಸಿ ಕೊಡುವ ಚಿಂಕ್ವೆ ತೆರ್ರೆ ಕಾರ್ಡ್ ಇದೆಯಲ್ಲ, ಅದರಲ್ಲಿ ದೋಣಿ ಸೇರಿಲ್ಲ. ಮಾವನವರಿಗೆ ಕಾಲು ಗಟ್ಟಿಯಿಲ್ಲದಿದ್ದರೆ ರಿಯೊಮಾಜೊರೆಯಲ್ಲಿ ದೋಣಿ ಇಳಿಯುವ ಸಾಹಸ ಬೇಡ. ಲಾಂಚ್‌ನ ಮೂತಿಯನ್ನು ಬಂಡೆಗೆ ತಾಗಿಸಿ ಕಿರಿದಾದ ಹಲಗೆ ಹಾಕುತ್ತಾರೆ, ಅಲೆಗೆ ಅದು ಏಳುತ್ತದೆ, ಬೀಳುತ್ತದೆ, ಆಮೇಲೆ ಮೆಟ್ಟಿಲು.

ಅತ್ತೆಯವರು ಸಸ್ಯಾಹಾರಿ ಎಂದಿದ್ದೀರಿ. ಫಾರಿನಾತಾ ಕೇಳಿ: ಕಡಲೆಹಿಟ್ಟು, ನೀರು, ಆಲಿವ್ ಎಣ್ಣೆ, ಉಪ್ಪು, ಒಲೆಯಲ್ಲಿ ಬೇಯಿಸಿದ ದಪ್ಪ ದೋಸೆಯಂಥದ್ದು. ಅಮ್ಮ ಎರಡು ಸಲ ಹಾಕಿಸಿಕೊಂಡಳು. ‘ಅಚ್ಚುಗೆ’ ಎಂದು ಬರೆದಿರುವ ಎಲ್ಲವೂ ಮೀನು.

ಇನ್ನು ಫೋನ್. ನಿಮ್ಮ ಗುಂಪು ಎರಡಾಗುವುದಾದರೆ ಎರಡೂ ಕಡೆ ನಡೆಯುವ ಸಿಮ್ ಇರಲಿ, ಇಲ್ಲದಿದ್ದರೆ ಎರಡಾಗಬೇಡಿ. ತಪ್ಪಿಸಿಕೊಂಡರೆ ಯಾರು ಅಲುಗಾಡದೆ ನಿಲ್ಲಬೇಕು ಎಂಬುದನ್ನು ಬೆಳಿಗ್ಗೆಯೇ ತೀರ್ಮಾನಿಸಿ. ನಮ್ಮ ಮನೆಯಲ್ಲಿ ಈಗ ಅದು ಅಮ್ಮನ ಮಾತು.

ಯಾವ ಕಡೆ ಕುಳಿತರೆ ಫೋಟೊ ಚೆನ್ನಾಗಿ ಬರುತ್ತದೆ ಎಂದೂ ಕೇಳಿದ್ದಿರಿ. ಲಾ ಸ್ಪೆಜಿಯಾದಿಂದ ಹೊರಡುವುದಾದರೆ ಬಲಗಡೆ.